ಹೃದಯಕ್ಕೆ ಸಿಕ್ಕ ಔಷಧ ಮೆದುಳಿಗೂ ಸಿಗಲಿ: ಆರೋಗ್ಯ ಸಚಿವರಿಗೆ ಬಹಿರಂಗ ಪತ್ರ

ಮಾನ್ಯ ಆರೋಗ್ಯ ಮತ್ತು ಕುಟುಂಬ ಕಲ್ಯಾಣ ಸಚಿವರಿಗೆ,
ಕರ್ನಾಟಕ ಸರ್ಕಾರ, ಬೆಂಗಳೂರು

ಅಕ್ಟೋಬರ್ 29 ಬಂತೆಂದರೆ ಕನ್ನಡಿಗರಿಗೆ ಮೊದಲು ನೆನಪಾಗುವುದು 2021ರ ಆ ದಿನ ಹೃದಯ ಸ್ತಂಭನದಿಂದ ತೀರಿಕೊಂಡ ಪುನೀತ್ ರಾಜ್‌ಕುಮಾರ್. ಅದೇ ದಿನ ವಿಶ್ವ ಪಾರ್ಶ್ವವಾಯು (ಲಕ್ವ) ದಿನವೂ ಹೌದು ಎಂಬುದು ಆಸ್ಪತ್ರೆಗಳ ಬ್ಯಾನರ್ ದಾಟಿ ಹೊರಗೆ ಬಂದಿಲ್ಲ. ಪುನೀತ್ ಹೆಸರಿನಲ್ಲಿ ನಿಮ್ಮ ಇಲಾಖೆ ಹೃದಯ ಜ್ಯೋತಿ ಯೋಜನೆ ತಂದಿತು. ಎದೆನೋವೆಂದು ತಾಲ್ಲೂಕು ಆಸ್ಪತ್ರೆಗೆ ಬಂದವರಿಗೆ ಇಸಿಜಿ ಮಾಡಿ, ಅದನ್ನು ದೂರದ ದೊಡ್ಡ ಆಸ್ಪತ್ರೆಯ (ಹಬ್) ಹೃದ್ರೋಗ ತಜ್ಞರಿಗೆ ಕಳಿಸಿ, ಅವರು ಹೌದೆಂದರೆ ಅಲ್ಲಿಯೇ ಟೆನೆಕ್ಟೆಪ್ಲೇಸ್ ಚುಚ್ಚುಮದ್ದನ್ನು ಉಚಿತವಾಗಿ ಕೊಡುವ ಏರ್ಪಾಡು ಅದು. ಮಂಚದ ಮೇಲಿರುವ ರೋಗಿಯ ತನಕ ಇಷ್ಟು ನೇರವಾಗಿ ತಲುಪುವ ಯೋಜನೆಗಳು ಕಡಿಮೆ. ಅದಕ್ಕೆ ಮನಸಾರೆ ಮೆಚ್ಚುಗೆ ಹೇಳಿಯೇ ಮುಂದಿನ ಮಾತು.

ಆ ಟೆನೆಕ್ಟೆಪ್ಲೇಸ್ ಲಕ್ವಕ್ಕೂ ಔಷಧ. ಮೆದುಳಿನ ರಕ್ತನಾಳದಲ್ಲಿ ಕಟ್ಟಿಕೊಂಡ ಹೆಪ್ಪನ್ನು ಕರಗಿಸುವ ಕೆಲಸವನ್ನು ಅದು ಹೃದಯದಲ್ಲಿ ಮಾಡಿದಂತೆಯೇ ಮಾಡುತ್ತದೆ. ಹಾಗಿದ್ದೂ ಅದೇ ತಾಲ್ಲೂಕು ಆಸ್ಪತ್ರೆಗೆ ಬಾಯಿ ಸೊಟ್ಟಗಾಗಿ, ಒಂದು ಕೈ ಜೋತುಬಿದ್ದು, ಮಾತು ನಿಂತವರು ಬಂದರೆ, ಕಪಾಟಿನಲ್ಲಿರುವ ಆ ಔಷಧವನ್ನು ವೈದ್ಯರು ಮುಟ್ಟುವಂತಿಲ್ಲ. ಮುಟ್ಟದಿರುವುದೇ ಸರಿ ಕೂಡ. ಹೃದಯಾಘಾತವನ್ನು ಇಸಿಜಿ ತೋರಿಸುತ್ತದೆ. ಲಕ್ವ ಹೆಪ್ಪಿನಿಂದಾದದ್ದೋ ರಕ್ತಸ್ರಾವದಿಂದಾದದ್ದೋ ಎಂದು ಕಣ್ಣಿನಿಂದ, ಕೈಯಿಂದ, ಎಷ್ಟು ವರ್ಷದ ಅನುಭವದಿಂದಲೂ ಹೇಳಲಾಗದು. ಅದಕ್ಕೆ ಸಿಟಿ ಸ್ಕ್ಯಾನ್ ಆಗಲೇಬೇಕು. ರಕ್ತ ಸೋರುತ್ತಿರುವ ಮೆದುಳಿಗೆ ಹೆಪ್ಪು ಕರಗಿಸುವ ಔಷಧ ಬಿದ್ದರೆ ರೋಗಿ ಉಳಿಯುವುದು ಕಷ್ಟ. ಹೃದಯಕ್ಕೂ ಮೆದುಳಿಗೂ ನಡುವೆ ನಿಂತಿರುವುದು ಒಂದು ಸಿಟಿ ಯಂತ್ರ, ಅದನ್ನು ಓದುವ ಒಬ್ಬರು, ಮತ್ತು ಅಲ್ಲಿಗೆ ಸಮಯಕ್ಕೆ ಮುಟ್ಟಿಸುವ ಒಂದು ಗಾಡಿ. ಈ ಪತ್ರದ ಕೋರಿಕೆಯೂ ಅಷ್ಟೇ.

ಸಮಯದ ಲೆಕ್ಕ ಯಾಕೆ ಇಷ್ಟು ಬಿಗಿ ಎಂಬುದನ್ನು ಹೇಳಬೇಕು. ಮೆದುಳಿನ ತೂಕ ದೇಹದ ನೂರರಲ್ಲಿ 2 ಪಾಲು; ಅದು ಬಳಸುವ ಆಮ್ಲಜನಕ 20 ಪಾಲು. ನಾಳೆಗೆಂದು ಅದು ಏನನ್ನೂ ಕೂಡಿಟ್ಟುಕೊಳ್ಳುವುದಿಲ್ಲ. ಪ್ರತಿ 100 ಗ್ರಾಂ ಮೆದುಳಿಗೆ ನಿಮಿಷಕ್ಕೆ ಸುಮಾರು 50 ಮಿ.ಲೀ. ರಕ್ತ ಬೇಕು. ಅದು 20ಕ್ಕಿಂತ ಕೆಳಗಿಳಿದರೆ ನರಕೋಶಗಳು ಕೆಲಸ ನಿಲ್ಲಿಸುತ್ತವೆ, ಆದರೆ ಕೂಡಲೇ ಸಾಯುವುದಿಲ್ಲ. 10ಕ್ಕಿಂತ ಕೆಳಗಿಳಿದ ಜಾಗ ಕೆಲವೇ ನಿಮಿಷಗಳಲ್ಲಿ ಸಾಯುತ್ತದೆ. ಹೆಪ್ಪು ಸಿಕ್ಕಿಕೊಂಡ ಕೂಡಲೇ ನಡುವಿನಲ್ಲಿ ಸತ್ತ ತಿರುಳು, ಅದರ ಸುತ್ತ ಉಸಿರು ಹಿಡಿದು ಕಾಯುತ್ತಿರುವ ಅಂಚು, ಹೀಗೆ ಎರಡು ಭಾಗವಾಗುತ್ತದೆ. ಚಿಕಿತ್ಸೆಯೆಲ್ಲ ಆ ಅಂಚಿಗಾಗಿ. ದೊಡ್ಡ ರಕ್ತನಾಳ ಮುಚ್ಚಿದಾಗ ನಿಮಿಷಕ್ಕೆ ಸರಾಸರಿ 19 ಲಕ್ಷ ನರಕೋಶಗಳು ನಾಶವಾಗುತ್ತವೆ ಎಂಬ ಅಂದಾಜು ಹುಟ್ಟಿದ್ದು ಈ ಅಂಚು ಕರಗುವ ವೇಗದಿಂದಲೇ. ಲಕ್ಷಣ ಕಂಡ ನಾಲ್ಕೂವರೆ ಗಂಟೆಯೊಳಗೆ ಚುಚ್ಚುಮದ್ದು ಎಂಬ ನಿಯಮವಿದೆಯಲ್ಲ, ಅದು ಕೊನೆಯ ಬಸ್ಸಿನ ಹೊತ್ತು. ಅಲ್ಲಿಯವರೆಗೆ ಕಾಯಬಹುದು ಎಂದು ಅರ್ಥವಲ್ಲ. ಮೂರು ಗಂಟೆಯೊಳಗೆ ಕೊಟ್ಟರೆ ಹತ್ತು ಜನರಲ್ಲಿ ಹೆಚ್ಚುವರಿಯಾಗಿ ಒಬ್ಬರು ಹೆಚ್ಚುಕಡಿಮೆ ಮೊದಲಿನಂತಾಗುತ್ತಾರೆ. ಮೂರರಿಂದ ನಾಲ್ಕೂವರೆ ಗಂಟೆಯ ನಡುವೆ ಕೊಟ್ಟರೆ ಇಪ್ಪತ್ತು ಜನರಲ್ಲಿ ಒಬ್ಬರು.

ಮನೆಯಿಂದಲೇ ಶುರು ಮಾಡೋಣ, ಯಾಕೆಂದರೆ ಹೆಚ್ಚು ಹೊತ್ತು ಕಳೆಯುವುದು ಅಲ್ಲಿಯೇ. ಲಕ್ವ ಸಾಮಾನ್ಯವಾಗಿ ನೋಯುವುದಿಲ್ಲ. ಎದೆನೋವಿನಂತೆ ಬೆವರಿಳಿಸಿ ಹೆದರಿಸುವುದಿಲ್ಲ. ಕೈ ಜೋಮು ಹಿಡಿದಿದೆ, ಮಲಗಿ ಎದ್ದರೆ ಸರಿಹೋದೀತು ಎಂದು ಮಂಚದ ಮೇಲೆ ಮಲಗಿಸುತ್ತಾರೆ. ಮೆದುಳಿನ ಬಲಭಾಗಕ್ಕೆ ಪೆಟ್ಟಾಗಿದ್ದರೆ ತನಗೇನೂ ಆಗಿಲ್ಲ ಎಂದು ರೋಗಿಯೇ ವಾದಿಸುತ್ತಾನೆ, ಎಡಗೈ ತನ್ನದೆಂಬ ಅರಿವೇ ಅವನಿಗಿರುವುದಿಲ್ಲ. ಆಮೇಲೆ ಗಾಳಿ ಸೋಕಿದೆ ಎಂಬ ಮಾತು, ಪಾರಿವಾಳದ ರಕ್ತ ಹಚ್ಚುವುದು, ಹತ್ತು ಬೆರಳ ತುದಿಗೂ ಸೂಜಿ ಚುಚ್ಚಿ ರಕ್ತ ತೆಗೆಯಿರಿ ಎಂಬ ವಾಟ್ಸಾಪ್ ಸಲಹೆ. ಇವುಗಳಿಂದ ಮೆದುಳಿಗೆ ಉಪಯೋಗವೂ ಇಲ್ಲ, ನೇರ ಕೇಡೂ ಇಲ್ಲ. ಹೊತ್ತು ಹೋಗುತ್ತದೆ, ಅದೇ ಕೇಡು. ನೇರವಾಗಿ ಕೆಡಿಸುವುದು ಬೇರೆ ಇದೆ. ಬಾಯಿಗೆ ನೀರು, ಕಾಫಿ, ಮಾತ್ರೆ ಹಾಕುವುದು. ನುಂಗುವ ಸ್ನಾಯು ಸೋತಿರುವಾಗ ಅದು ಹೊಟ್ಟೆಗೆ ಹೋಗದೆ ಶ್ವಾಸಕೋಶಕ್ಕೆ ಇಳಿಯುತ್ತದೆ, ಮೂರನೆಯ ದಿನ ನ್ಯುಮೋನಿಯಾ ಆಗಿ ಕೂರುತ್ತದೆ. ಹೃದಯಾಘಾತದಂತೆ ಇದಕ್ಕೂ ಆಸ್ಪಿರಿನ್ ಅಗಿಯಲು ಕೊಡುವವರಿದ್ದಾರೆ. ಸಿಟಿಗೆ ಮೊದಲು ಅದೂ ಬೇಡ. ರಕ್ತಸ್ರಾವವಾಗಿದ್ದರೆ ಉರಿಯುವ ಬೆಂಕಿಗೆ ಎಣ್ಣೆ.

ಹಾಗಾದರೆ ನಾಟಿ ಔಷಧದಿಂದ ನಮ್ಮೂರಿನ ಇಂಥವರು ವಾಸಿಯಾದರಲ್ಲ ಎಂದು ಜನ ಕೇಳುತ್ತಾರೆ. ಕೇಳುವುದರಲ್ಲಿ ತಪ್ಪಿಲ್ಲ, ಉತ್ತರವೂ ಇದೆ. ಬಾಯಿ ಸೊಟ್ಟಗಾಗುವ ಇನ್ನೊಂದು ಕಾಯಿಲೆಯ ಹೆಸರು ಬೆಲ್ಸ್ ಪಾಲ್ಸಿ. ಅದರಲ್ಲಿ ಕೆಡುವುದು ಮೆದುಳಲ್ಲ, ಕಿವಿಯ ಹಿಂದಿನಿಂದ ಮುಖಕ್ಕೆ ಬರುವ ನರ. ಹಣೆ ಸುಕ್ಕು ಮಾಡಲು ಬರುವುದಿಲ್ಲ, ಆ ಬದಿಯ ಕಣ್ಣು ಮುಚ್ಚುವುದಿಲ್ಲ, ಕೈಕಾಲು ಮಾತ್ರ ಗಟ್ಟಿಯಾಗಿರುತ್ತವೆ. ಏನೂ ಮಾಡದಿದ್ದರೂ ನೂರರಲ್ಲಿ ಎಪ್ಪತ್ತು ಜನರಿಗೆ ಅದು ವಾರಗಳಲ್ಲಿ, ಕೆಲವು ತಿಂಗಳಲ್ಲಿ ತಾನೇ ಸರಿಯಾಗುತ್ತದೆ. ಆ ಕೀರ್ತಿ ಹಚ್ಚಿದ ಲೇಪಕ್ಕೆ ಹೋಗುತ್ತದೆ, ಆ ಕೀರ್ತಿಯನ್ನು ನಂಬಿ ನಿಜವಾದ ಲಕ್ವ ಹೊಡೆದವರನ್ನೂ ಅಲ್ಲಿಗೇ ಒಯ್ಯುತ್ತಾರೆ. ಯಾವುದು ಯಾವುದೆಂದು ಮನೆಯಲ್ಲಿ ತೀರ್ಮಾನಿಸುವುದು ಬೇಡ, ಆ ಕೆಲಸ ಆಸ್ಪತ್ರೆಯದು.

ಜಾಗೃತಿಗೆಂದು ಇಲಾಖೆ ಬಳಸುವ ಭಿತ್ತಿಪತ್ರಗಳಲ್ಲಿ ಇಂಗ್ಲಿಷಿನ ಫಾಸ್ಟ್, ಬಿ-ಫಾಸ್ಟ್ ಎಂಬ ಅಕ್ಷರಗಳ ಆಟವನ್ನು ಕನ್ನಡ ಲಿಪಿಯಲ್ಲಿ ಬರೆದು ಬಿಡುವುದುಂಟು. ಇಂಗ್ಲಿಷಿನಲ್ಲಿ ಒಂದೊಂದು ಅಕ್ಷರಕ್ಕೂ ಅರ್ಥವಿದೆ, ಕನ್ನಡಕ್ಕೆ ಬಂದರೆ ಅದು ಬರೀ ಸದ್ದು. ಮುಖ, ಕೈ, ಮಾತು, ಹೊತ್ತು ಎಂಬ ನಾಲ್ಕು ಪದ ಸಾಕು. ನಗಲು ಹೇಳಿ, ಬಾಯಿಯ ಒಂದು ಬದಿ ಇಳಿಯಿತೇ ನೋಡಿ. ಕಣ್ಣು ಮುಚ್ಚಿ ಎರಡೂ ಕೈ ಮುಂದಕ್ಕೆ ಚಾಚಿ ಹತ್ತು ಎಣಿಸುವವರೆಗೆ ಹಿಡಿಯಲು ಹೇಳಿ, ಒಂದು ಕೈ ಜಾರಿತೇ ನೋಡಿ. ಮಧ್ಯಾಹ್ನ ಏನು ಊಟ ಮಾಡಿದಿರಿ ಎಂದು ಕೇಳಿ, ಉತ್ತರ ತೊದಲಿತೇ, ಸಂಬಂಧವಿಲ್ಲದ ಮಾತು ಬಂತೇ ಗಮನಿಸಿ. (ತರೀಕೆರೆ ಏರಿಯ ಮೇಲಿನ ಕರಿ ಕುರಿಮರಿಗಳನ್ನು ಹೇಳಿಸಬೇಡಿ, ಗಟ್ಟಿಮುಟ್ಟಾದವರ ನಾಲಿಗೆಯೂ ಅಲ್ಲಿ ತಡವರಿಸುತ್ತದೆ.) ಹೊತ್ತು ಎಂದರೆ ರೋಗಿ ಕೊನೆಯ ಬಾರಿ ಸರಿಯಾಗಿದ್ದದ್ದನ್ನು ಕಂಡ ಹೊತ್ತು. ರಾತ್ರಿ ಹತ್ತಕ್ಕೆ ಚೆನ್ನಾಗಿ ಮಾತಾಡಿ ಮಲಗಿದವರು ಬೆಳಗ್ಗೆ ಆರಕ್ಕೆ ಬಿದ್ದಿದ್ದರೆ ಗಡಿಯಾರ ಶುರುವಾಗುವುದು ರಾತ್ರಿ ಹತ್ತರಿಂದ. ಈ ಒಂದು ಪ್ರಶ್ನೆಗೆ ಉತ್ತರ ಗೊತ್ತಿರುವವರು ಆಂಬುಲೆನ್ಸಿನಲ್ಲಿ ಜೊತೆಗೆ ಬರಬೇಕು. ಬಹಳಷ್ಟು ಸಲ ಅವರು ಮನೆಯಲ್ಲೇ ಉಳಿದು, ಏನೂ ಗೊತ್ತಿಲ್ಲದ ಸಂಬಂಧಿಕರು ಬರುತ್ತಾರೆ. ಜೊತೆಗೆ ಇನ್ನೆರಡು ಲಕ್ಷಣ: ಇದ್ದಕ್ಕಿದ್ದಂತೆ ನಡಿಗೆ ಓಲಾಡುವುದು, ಕಣ್ಣು ಮಂಜಾಗುವುದು ಅಥವಾ ಒಂದು ವಸ್ತು ಎರಡಾಗಿ ಕಾಣುವುದು. ಮೆದುಳಿನ ಹಿಂಭಾಗದ ಲಕ್ವದಲ್ಲಿ ಮುಖ, ಕೈ ಎರಡೂ ಸರಿಯಾಗಿಯೇ ಇರಬಹುದು. ಪಿತ್ತ ಎಂದು ಮಜ್ಜಿಗೆ ಕುಡಿಸಿ ಮಲಗಿಸುವುದು ಇಂಥವರನ್ನೇ.

ಮುಂದಿನ ನಿಲ್ದಾಣ ಹತ್ತಿರದ ಕ್ಲಿನಿಕ್. ಅಲ್ಲಿ ನಡೆಯುವ ಮೂರು ತಪ್ಪುಗಳನ್ನು ನಿಲ್ಲಿಸಲು ಇಲಾಖೆಗೆ ಒಂದು ಸುತ್ತೋಲೆ ಸಾಕು. ಮೊದಲನೆಯದು, ಬಿಪಿ 190 ಇದೆಯೆಂದು ನಾಲಿಗೆಯ ಕೆಳಗೆ ನಿಫೆಡಿಪಿನ್ ಹನಿ ಬಿಡುವುದು. ಹೆಪ್ಪಿನ ಆಚೆಗಿರುವ ಅಂಚಿಗೆ ಅಕ್ಕಪಕ್ಕದ ಸಣ್ಣ ನಾಳಗಳಿಂದ ಅಷ್ಟಿಷ್ಟು ರಕ್ತ ತಳ್ಳಲೆಂದೇ ದೇಹ ಬಿಪಿಯನ್ನು ಏರಿಸಿರುತ್ತದೆ. ಅದನ್ನು ಗಕ್ಕನೆ ಇಳಿಸಿದರೆ ಉಳಿಯಬೇಕಾದ ಅಂಚೂ ಸಾಯುತ್ತದೆ. ಹೆಪ್ಪಿನ ಲಕ್ವದಲ್ಲಿ ಚುಚ್ಚುಮದ್ದು ಕೊಡುವುದಿಲ್ಲ ಎಂದಾದರೆ ಬಿಪಿ 220/120 ದಾಟುವವರೆಗೆ ಮುಟ್ಟಬೇಕಾಗಿಲ್ಲ. ಕೊಡುವುದಾದರೆ ಮೊದಲು 185/110ಕ್ಕಿಂತ ಕೆಳಗೆ ತರಬೇಕು. ಅದಕ್ಕೆ ಲ್ಯಾಬೆಟಲಾಲ್ 10ರಿಂದ 20 ಮಿ.ಗ್ರಾಂ. ನಿಧಾನವಾಗಿ ರಕ್ತನಾಳಕ್ಕೆ ಕೊಡುವುದು ಸರಿಯಾದ ದಾರಿ. ರಕ್ತಸ್ರಾವದಲ್ಲಿ ಲೆಕ್ಕವೇ ಬೇರೆ, ಮೇಲಿನ ಬಿಪಿಯನ್ನು 140ರ ಆಸುಪಾಸಿಗೆ ಬೇಗ ಇಳಿಸಬೇಕು. ಹೀಗೆ ಒಂದೇ ಬಿಪಿಗೆ ಎರಡು ನ್ಯಾಯ ಇರುವಾಗ ಸಿಟಿ ನೋಡದೆ ಕೈಹಾಕುವುದು ಜೂಜು. ಎರಡನೆಯದು ಗ್ಲೂಕೋಸ್ ಡ್ರಿಪ್. ಸಕ್ಕರೆ ಹೆಚ್ಚಾದಷ್ಟೂ ಪೆಟ್ಟಾದ ಮೆದುಳು ಹೆಚ್ಚು ಕೆಡುತ್ತದೆ. ಬೆರಳ ತುದಿಯ ರಕ್ತದಲ್ಲಿ ಶುಗರ್ ನೋಡಿ, ನಿಜಕ್ಕೂ ಇಳಿದಿದ್ದರೆ ಮಾತ್ರ ಗ್ಲೂಕೋಸ್. ಶುಗರ್ ಇಳಿದಾಗ ಲಕ್ವದಂತೆಯೇ ಒಂದು ಬದಿ ಸೋಲುವುದುಂಟು, ಗ್ಲೂಕೋಸ್ ಹೋದ ಕೂಡಲೇ ರೋಗಿ ಎದ್ದು ಕೂರುವುದೂ ಉಂಟು. ಇಲ್ಲದಿದ್ದರೆ ನಾರ್ಮಲ್ ಸಲೈನ್ ಸಾಕು. ಮೂರನೆಯದು, ಮೆದುಳಿನ ಟಾನಿಕ್ಕಿನಂತೆ ದಿನಗಟ್ಟಲೆ ಕೊಡುವ ಸಿಟಿಕೋಲಿನ್ ಮುಂತಾದ ಇಂಜೆಕ್ಷನ್ನುಗಳು. 2012ರಲ್ಲಿ ಪ್ರಕಟವಾದ ದೊಡ್ಡ ಪ್ರಯೋಗದಲ್ಲಿ ಸಿಟಿಕೋಲಿನ್‌ನಿಂದ ಲಾಭ ಕಾಣಲಿಲ್ಲ. ಬಡ ಕುಟುಂಬ ಇದಕ್ಕೆ ಸುರಿಯುವ ದುಡ್ಡಿನಲ್ಲಿ ತಿಂಗಳುಗಟ್ಟಲೆ ಫಿಸಿಯೋಥೆರಪಿ ಆಗುತ್ತದೆ.

ಇನ್ನು ಗಾಡಿಯ ಮಾತು. 108ಕ್ಕೆ ಕರೆ ಬಂದಾಗ ಹತ್ತಿರದ ಆಸ್ಪತ್ರೆಗೆ ಒಯ್ಯುವುದು ವಾಡಿಕೆ. ಹೆರಿಗೆಗೆ, ಅಪಘಾತದ ರಕ್ತಸ್ರಾವಕ್ಕೆ ಅದು ಸರಿ. ಲಕ್ವಕ್ಕೆ ಸಿಟಿ ಇಲ್ಲದ ಹತ್ತಿರದ ಆಸ್ಪತ್ರೆ ಎಂದರೆ ಒಂದು ಗಂಟೆಯ ಸುಂಕ ಕಟ್ಟುವ ಟೋಲ್‌ಗೇಟು. ಚೀಟಿ ಮಾಡಿಸಿ, ಬಿಪಿ ನೋಡಿ, ರೆಫರ್ ಪತ್ರ ಬರೆಸಿ, ಇನ್ನೊಂದು ಗಾಡಿಗೆ ಕಾದು ಹೊರಡುವಷ್ಟರಲ್ಲಿ ಹೊತ್ತು ಮುಗಿದಿರುತ್ತದೆ. ಕರೆ ಸ್ವೀಕರಿಸುವವರು ಮುಖ, ಕೈ, ಮಾತು, ಹೊತ್ತು ಎಂಬ ನಾಲ್ಕು ಪ್ರಶ್ನೆ ಕೇಳಿ, ಲಕ್ವದ ಅನುಮಾನ ಬಂದರೆ ಗಾಡಿಯನ್ನು ನೇರವಾಗಿ ದಿನದ 24 ಗಂಟೆಯೂ ಸಿಟಿ ನಡೆಯುವ ಆಸ್ಪತ್ರೆಗೆ ತಿರುಗಿಸಬೇಕು. ದಾರಿಯಲ್ಲಿರುವಾಗಲೇ ಆ ಆಸ್ಪತ್ರೆಗೆ ಫೋನ್ ಹೋಗಬೇಕು. ಇದಕ್ಕೆ ಹೊಸ ಕಟ್ಟಡ ಬೇಡ, ಯಾವ ತಾಲ್ಲೂಕಿನಿಂದ ಯಾವ ಸಿಟಿ ಯಂತ್ರಕ್ಕೆ ಎಂಬ ನಕ್ಷೆ ಬೇಕು. ಆ ನಕ್ಷೆ ಬಿಡಿಸಲು ಕೂತರೆ ಕೆಲವು ಜಾಗ ಖಾಲಿ ಉಳಿಯುವುದು ಗೋಚರಿಸುತ್ತದೆ. ಮಹದೇಶ್ವರ ಬೆಟ್ಟದಿಂದ ಮೈಸೂರು 130 ಕಿ.ಮೀ.ಗೂ ದೂರ. ಶೃಂಗೇರಿಯವರು ಮಣಿಪಾಲಕ್ಕೆ ಹೋಗಲು ಆಗುಂಬೆ ಘಾಟಿ ಇಳಿಯಬೇಕು. ಉತ್ತರ ಕನ್ನಡದವರು ದೊಡ್ಡ ಆಸ್ಪತ್ರೆ ಬೇಕೆಂದು ವರ್ಷಗಳಿಂದ ಕೇಳುತ್ತಲೇ ಇದ್ದಾರೆ, ಮಣಿಪಾಲ, ಮಂಗಳೂರು, ಹುಬ್ಬಳ್ಳಿ, ಗೋವಾ ಎಂದು ಅಲೆಯುತ್ತಲೂ ಇದ್ದಾರೆ. ಸಿಟಿ ಮೊದಲು ಹೋಗಬೇಕಾದ್ದು ಇಂಥ ಖಾಲಿ ಜಾಗಗಳ ತಾಲ್ಲೂಕು ಆಸ್ಪತ್ರೆಗಳಿಗೆ. ಈಗಾಗಲೇ ಎರಡು ಯಂತ್ರ ಇರುವ ಊರಿಗೆ ಮೂರನೆಯದನ್ನು ಕೊಡುವುದರಿಂದ ಉದ್ಘಾಟನೆಯ ಫೋಟೊ ಚೆನ್ನಾಗಿ ಬಂದೀತು, ಅಷ್ಟೇ.

ಸಿಟಿ ಇರುವ ಜಿಲ್ಲಾ ಆಸ್ಪತ್ರೆಯಲ್ಲಿ ಏನಾಗಬೇಕು? ಬಾಗಿಲು ದಾಟಿದ 60 ನಿಮಿಷದೊಳಗೆ ಸೂಜಿ ಚುಚ್ಚಿರಬೇಕು, ಅದರಲ್ಲಿ ಮೊದಲ 25 ನಿಮಿಷದೊಳಗೆ ಸಿಟಿ ಮುಗಿದಿರಬೇಕು. ಇದು ಜಗತ್ತು ಒಪ್ಪಿದ ಅಳತೆ. ಸ್ಟ್ರೆಚರ್ ವಾರ್ಡಿಗೆ ಹೋಗದೆ ನೇರ ಸಿಟಿ ಕೋಣೆಗೆ. ಹೋಗುತ್ತಲೇ ತೂಕದ ಅಂದಾಜು, ಶುಗರ್, ಬಿಪಿ, ಎರಡು ಕೈಯಲ್ಲಿ ಸೂಜಿ. ರಕ್ತ ತೆಳುವಾಗಿಸುವ ಮಾತ್ರೆ ನುಂಗುತ್ತಿದ್ದಾರೆಯೇ, ಮೂರು ತಿಂಗಳಲ್ಲಿ ತಲೆಗೆ ಪೆಟ್ಟು ಬಿದ್ದಿತ್ತೇ, ಹದಿನಾಲ್ಕು ದಿನದಲ್ಲಿ ದೊಡ್ಡ ಆಪರೇಷನ್ ಆಗಿದೆಯೇ ಎಂಬ ವಿಚಾರಣೆ. ಇಂಥ ಅನುಮಾನವೇನೂ ಇಲ್ಲದಿದ್ದರೆ ಚುಚ್ಚುಮದ್ದಿಗೆ ಮೊದಲು ಬರಲೇಬೇಕಾದ ರಕ್ತಪರೀಕ್ಷೆ ಶುಗರ್ ಒಂದೇ. ಕ್ರಿಯಾಟಿನಿನ್, ಲಿಪಿಡ್, ಎದೆಯ ಎಕ್ಸ್‌ರೇ ಎಲ್ಲ ಆಮೇಲೆ ಆಗಲಿ. ಸಿಟಿ ಬಿಲ್ಲಿಂಗ್ ಕೌಂಟರಿನಲ್ಲಿ ದುಡ್ಡು ಅಥವಾ ಕಾರ್ಡಿನ ಅನುಮೋದನೆಗೆ ಕಾಯಿಸುವ ಪದ್ಧತಿ ಲಕ್ವಕ್ಕೆ ಕೂಡದು ಎಂದು ಲಿಖಿತ ಆದೇಶ ಬೇಕು. ಬಾಯಿಮಾತಿನ ಸೂಚನೆ ರಾತ್ರಿ ಪಾಳಿಗೆ ತಲುಪುವುದಿಲ್ಲ.

ಚುಚ್ಚುಮದ್ದಿನಲ್ಲಿ ಎರಡು ಬಗೆ. ಆಲ್ಟೆಪ್ಲೇಸ್ ಕಿಲೋ ತೂಕಕ್ಕೆ 0.9 ಮಿ.ಗ್ರಾಂ., ಗರಿಷ್ಠ 90. ಅದರ ಹತ್ತನೆಯ ಒಂದು ಭಾಗ ಒಂದು ನಿಮಿಷದಲ್ಲಿ, ಉಳಿದದ್ದು ಒಂದು ಗಂಟೆಯಲ್ಲಿ ಪಂಪಿನ ಮೂಲಕ. ಟೆನೆಕ್ಟೆಪ್ಲೇಸ್ ಕಿಲೋಗೆ 0.25 ಮಿ.ಗ್ರಾಂ., ಗರಿಷ್ಠ 25. ಒಂದೇ ಸಲ, ಕೆಲವೇ ಸೆಕೆಂಡಿನಲ್ಲಿ. ಪಂಪ್ ಬೇಡ, ರೋಗಿಯನ್ನು ಬೇರೆಡೆಗೆ ಸಾಗಿಸುವಾಗ ಡ್ರಿಪ್ ಕಳಚೀತೆಂಬ ಭಯವಿಲ್ಲ. ನಮ್ಮಂಥ ರಾಜ್ಯಕ್ಕೆ ಎರಡನೆಯದೇ ಸರಿಹೊಂದುತ್ತದೆ. ಕೊಟ್ಟ ಮೇಲೆ ಮೊದಲ 2 ಗಂಟೆ 15 ನಿಮಿಷಕ್ಕೊಮ್ಮೆ, ಮುಂದಿನ 6 ಗಂಟೆ ಅರ್ಧ ಗಂಟೆಗೊಮ್ಮೆ, ಆಮೇಲೆ 24 ಗಂಟೆಯವರೆಗೆ ಗಂಟೆಗೊಮ್ಮೆ ಬಿಪಿ ನೋಡಿ 180/105ರ ಕೆಳಗೆ ಇಡಬೇಕು. ಆ 24 ಗಂಟೆ ಆಸ್ಪಿರಿನ್ ಇಲ್ಲ. ಒಂದು ದಿನದ ನಂತರ ಮತ್ತೆ ಸಿಟಿ, ರಕ್ತ ಇಲ್ಲವೆಂದು ಖಾತ್ರಿಯಾದ ಮೇಲೆ ಆಸ್ಪಿರಿನ್. ತಲೆನೋವು, ವಾಂತಿ, ಬಿಪಿ ಏರಿಕೆ, ಮಂಪರು ಕಂಡರೆ ಕೂಡಲೇ ಸಿಟಿ. ಇದು ನರ್ಸ್ ನಡೆಸುವ ಚಿಕಿತ್ಸೆ. ಒಬ್ಬ ನರ್ಸಿಗೆ ನಲವತ್ತು ಹಾಸಿಗೆ ಇರುವ ವಾರ್ಡಿನಲ್ಲಿ ಇದು ನಡೆಯದು. ಜಿಲ್ಲೆಗೆ ನಾಲ್ಕು ಹಾಸಿಗೆಯ ಒಂದು ಲಕ್ವ ಘಟಕ ಸಾಕು, ಆದರೆ ಅಲ್ಲಿನ ಸಿಬ್ಬಂದಿಯನ್ನು ಬೇರೆ ಕಡೆಗೆ ಎಳೆಯಬಾರದು.

ಅಪಾಯವನ್ನೂ ಮುಚ್ಚಿಡಬಾರದು. 1995ರ ಮೊದಲ ದೊಡ್ಡ ಪ್ರಯೋಗದಲ್ಲಿ ಈ ಚಿಕಿತ್ಸೆ ಪಡೆದ ನೂರರಲ್ಲಿ ಆರು ಮಂದಿಗೆ ಮೆದುಳಿನಲ್ಲಿ ರಕ್ತಸ್ರಾವವಾಗಿ ಸ್ಥಿತಿ ಬಿಗಡಾಯಿಸಿತು. ಅದನ್ನು ಕೂಡಿಸಿ ಕಳೆದ ಮೇಲೂ ಲಾಭವೇ ಮೇಲಾಯಿತು. ಆದರೆ ಜಿಲ್ಲಾ ಆಸ್ಪತ್ರೆಯ ಫಿಜಿಷಿಯನ್ನಿಗೆ ಕಾಣುವುದು ಆ ಆರು ಜನ, ಅವರ ಮನೆಯವರ ಸಿಟ್ಟು, ಆಸ್ಪತ್ರೆಯ ಒಡೆದ ಗಾಜು. ಅವರು ಕೈ ಹಿಂದೆಳೆದರೆ ಹೇಡಿತನ ಎನ್ನುವಂತಿಲ್ಲ. ಅವರ ಬೆನ್ನಿಗೆ ಕನ್ನಡದಲ್ಲಿ ಬರೆದ ಒಪ್ಪಿಗೆ ಪತ್ರ, ಇಲಾಖೆಯ ಲಿಖಿತ ಮಾರ್ಗಸೂಚಿ, ಮತ್ತು ಫೋನಿನ ಆಚೆ ಬದಿಯಲ್ಲಿ 24 ಗಂಟೆಯೂ ಸಿಗುವ ನರರೋಗ ತಜ್ಞರು ಇರಬೇಕು.

ಇದು ಆಗದ ಮಾತು ಎನ್ನುವವರು ಹಿಮಾಚಲ ಪ್ರದೇಶ ನೋಡಲಿ. ಗುಡ್ಡಗಾಡು, ನರರೋಗ ತಜ್ಞರು ಬೆರಳೆಣಿಕೆ. ಅಲ್ಲಿ 2014ರಲ್ಲಿ ಸಿಟಿ ಇರುವ ಸರ್ಕಾರಿ ಆಸ್ಪತ್ರೆಗಳ ಸಾಮಾನ್ಯ ವೈದ್ಯರಿಗೆ ತರಬೇತಿ ಕೊಟ್ಟರು, ಸಿಟಿಯ ಚಿತ್ರವನ್ನು ಸ್ಮಾರ್ಟ್‌ಫೋನಿನಲ್ಲಿ ತಜ್ಞರಿಗೆ ಕಳಿಸಿ ಅವರ ಮಾತಿನಂತೆ ಉಚಿತವಾಗಿ ಚುಚ್ಚುಮದ್ದು ಕೊಡಲು ಶುರು ಮಾಡಿದರು. ಕೇರಳ ಜಿಲ್ಲಾ ಆಸ್ಪತ್ರೆಗಳಲ್ಲಿ ಸಿರಾಸ್ ಎಂಬ ಹೆಸರಿನಲ್ಲಿ ಲಕ್ವ ಘಟಕಗಳನ್ನು ತೆರೆದಿದೆ. ನಮ್ಮಲ್ಲಿ ನಿಮ್ಹಾನ್ಸ್ ಇದೆ. ಅದರ ಜೊತೆಗೂಡಿ ಸರ್ಕಾರ 2022ರಲ್ಲಿ ಶುರು ಮಾಡಿದ ಕರ್ನಾಟಕ ಮೆದುಳು ಆರೋಗ್ಯ ಯೋಜನೆಯೂ ಇದೆ. ಹೃದಯ ಜ್ಯೋತಿಯ ಹಬ್ ಇದೆ, ಔಷಧದ ಖರೀದಿ ಇದೆ. ಈ ಎರಡು ಎಳೆಗಳನ್ನು ಗಂಟು ಹಾಕುವುದೊಂದು ಬಾಕಿ. ಮೆದುಳು ಆರೋಗ್ಯ ಯೋಜನೆಯ ಚಿಕಿತ್ಸಾಲಯ ಹಗಲಿನ ಓಪಿಡಿಯಷ್ಟೇ (ಹೊರರೋಗಿ ವಿಭಾಗ) ಆಗಿ ಉಳಿದರೆ ಪ್ರಯೋಜನ ಅರ್ಧ, ಲಕ್ವ ಓಪಿಡಿಯ ವೇಳೆ ನೋಡಿ ಹೊಡೆಯುವುದಿಲ್ಲ.

ದೊಡ್ಡ ನಾಳದಲ್ಲಿ ಉದ್ದದ ಹೆಪ್ಪು ಕೂತಿದ್ದರೆ ಚುಚ್ಚುಮದ್ದಿಗೆ ಅದು ಬಗ್ಗುವುದಿಲ್ಲ. ತೊಡೆಸಂದಿನ ನಾಳದಿಂದ ತಂತಿ ತೂರಿಸಿ ಮೆದುಳಿನವರೆಗೆ ಹೋಗಿ ಹೆಪ್ಪನ್ನು ಎಳೆದು ತೆಗೆಯುವ ಥ್ರಾಂಬೆಕ್ಟಮಿ ಬೇಕು. 2015ರಲ್ಲಿ ಒಂದರ ಹಿಂದೊಂದು ಬಂದ ಐದು ಪ್ರಯೋಗಗಳು ಇದನ್ನು ಗಟ್ಟಿಮಾಡಿದವು. ಆಯ್ದ ರೋಗಿಗಳಲ್ಲಿ 24 ಗಂಟೆಯವರೆಗೂ ಮಾಡಬಹುದೆಂದು 2018ರಲ್ಲಿ ಗೊತ್ತಾಯಿತು. ಸುಮಾರು ಮೂವರಿಗೆ ಮಾಡಿದರೆ ಒಬ್ಬರ ಅಂಗವೈಕಲ್ಯ ಕಡಿಮೆಯಾಗುತ್ತದೆ. ಇದು ಎಲ್ಲ ಜಿಲ್ಲೆಯಲ್ಲೂ ಆಗುವ ಕೆಲಸವಲ್ಲ. ಜಿಲ್ಲೆಯಲ್ಲಿ ಚುಚ್ಚುಮದ್ದು ಕೊಟ್ಟು ಅದೇ ಗಾಡಿಯಲ್ಲಿ ಮುಂದಕ್ಕೆ ಕಳಿಸುವ ನಾಲ್ಕಾರು ದೊಡ್ಡ ಕೇಂದ್ರಗಳು ರಾಜ್ಯದ ನಾಲ್ಕೂ ದಿಕ್ಕಿಗೆ ಇದ್ದರೆ ಆದೀತು. ಎಲ್ಲವೂ ಬೆಂಗಳೂರಿನಲ್ಲೇ ಇದ್ದರೆ ಕಲ್ಯಾಣ ಕರ್ನಾಟಕದವರಿಗೆ ಹೈದರಾಬಾದೇ ಗತಿ.

ಕಾರಣಗಳ ಮಾತು ಕೊನೆಗೆ ಬಂತು, ಮೊದಲು ಬರಬೇಕಿತ್ತು. ಲಕ್ವದ ಅಪಾಯದಲ್ಲಿ ಹತ್ತರಲ್ಲಿ ಒಂಬತ್ತು ಪಾಲು ತಡೆಯಬಹುದಾದ ಕಾರಣಗಳಿಂದ ಬರುತ್ತದೆ. ಅದರಲ್ಲಿ ಅರ್ಧದಷ್ಟು ಹೊರೆ ಬಿಪಿಯೊಂದರದೇ. ಮೇಲಿನ ಬಿಪಿ 10 ಇಳಿದರೆ ಲಕ್ವ ಕಾಲು ಭಾಗಕ್ಕೂ ಹೆಚ್ಚು ಕಡಿಮೆಯಾಗುತ್ತದೆ. ಅದನ್ನು ಇಳಿಸುವ ಆಮ್ಲೋಡಿಪಿನ್ ಹಳೆಯ, ಅಗ್ಗದ ಮಾತ್ರೆ. ಗೃಹ ಆರೋಗ್ಯ ಯೋಜನೆಯಲ್ಲಿ ಮನೆಬಾಗಿಲಿಗೆ ಹೋಗಿ ಬಿಪಿ ನೋಡುವುದು ಒಳ್ಳೆಯದೇ, ಆದರೆ ಲಕ್ವ ತಡೆಯುವುದು ನೋಡಿದ ಬಿಪಿಯಲ್ಲ, ಇಳಿದ ಬಿಪಿ. ಬಿಪಿ ನಾರ್ಮಲ್ ಬಂತೆಂದು ಮಾತ್ರೆ ಬಿಟ್ಟವರು, ಉಪಕೇಂದ್ರದಲ್ಲಿ ಮಾತ್ರೆ ಮುಗಿದಿದೆಯೆಂದು ಬಿಟ್ಟವರು, ಜಾತ್ರೆಗೆ ಹೋದಾಗ ಬಿಟ್ಟವರು, ಹೀಗೆ ಬಿಟ್ಟವರ ಮೆದುಳಿನ ಆಳದ ಕೂದಲೆಳೆಯಷ್ಟು ಸಣ್ಣ ನಾಳಗಳು ಒಂದು ದಿನ ಒಡೆಯುತ್ತವೆ. ಒಂದೇ ಸಲಕ್ಕೆ ಎರಡು ತಿಂಗಳ ಮಾತ್ರೆ ಕೊಡಿ; ಎಷ್ಟು ಜನರನ್ನು ತಪಾಸಣೆ ಮಾಡಿದಿರಿ ಎಂಬ ಲೆಕ್ಕದ ಪಕ್ಕದಲ್ಲಿ ಎಷ್ಟು ಜನರ ಬಿಪಿ 140/90ರ ಕೆಳಗಿದೆ ಎಂಬ ಕಾಲಮ್ಮನ್ನೂ ಸೇರಿಸಿ. ಉಪ್ಪು ದಿನಕ್ಕೆ 5 ಗ್ರಾಂ, ಅಂದರೆ ಒಂದು ಟೀ ಚಮಚ. ಅದರಲ್ಲೇ ಉಪ್ಪಿನಕಾಯಿ, ಹಪ್ಪಳ, ಬಾಳಕದ ಮೆಣಸಿನಕಾಯಿಯೂ ಸೇರಬೇಕು. ಬೀಡಿ, ಸಿಗರೇಟಿನ ಮಾತು ಎಲ್ಲರಿಗೂ ಗೊತ್ತು. ಕಡ್ಡಿಪುಡಿ, ಹೊಗೆಸೊಪ್ಪಿನಲ್ಲಿ ಹೊಗೆ ಇಲ್ಲ, ಹಾಗಾಗಿ ಕೇಡೂ ಇಲ್ಲ ಎಂಬ ನಂಬಿಕೆ ಮಾತ್ರ ಇನ್ನೂ ಗಟ್ಟಿಯಾಗಿದೆ.

ನಮ್ಮಲ್ಲಿ ಲಕ್ವ ವಯಸ್ಸಾದವರನ್ನೇ ಹುಡುಕಿ ಹೋಗುವುದಿಲ್ಲ. ಬಾಲ್ಯದ ಗಂಟಲು ಸೋಂಕು ಬೆಳೆದು ರುಮ್ಯಾಟಿಕ್ ಜ್ವರವಾಗಿ ಹೃದಯದ ಕವಾಟ ಕೆಟ್ಟ ಯುವತಿಯರಲ್ಲಿ, ಹೃದಯದ ಮೇಲ್ಕೋಣೆ ಲಯ ತಪ್ಪಿ ಅದುರುತ್ತದೆ. ನಿಂತ ರಕ್ತ ಹೆಪ್ಪುಗಟ್ಟಿ ಮೆದುಳಿಗೆ ಹಾರುತ್ತದೆ. ಇವರಿಗೆ ಮೂರು ವಾರಕ್ಕೊಮ್ಮೆ 12 ಲಕ್ಷ ಯೂನಿಟ್ ಬೆಂಜಥೀನ್ ಪೆನಿಸಿಲಿನ್, ಲಯ ತಪ್ಪಿದ್ದರೆ ರಕ್ತ ತೆಳುವಾಗಿಸುವ ವಾರ್ಫರಿನ್, ಐಎನ್‌ಆರ್ (ರಕ್ತ ಹೆಪ್ಪುಗಟ್ಟಲು ಹಿಡಿಯುವ ಹೊತ್ತಿನ ಅಳತೆ) 2ರಿಂದ 3ರ ನಡುವೆ. ಕಿರಿದಾದ ಮೈಟ್ರಲ್ ಕವಾಟ ಇರುವವರಿಗೆ ಹೊಸ ಮಾತ್ರೆಗಳಿಗಿಂತ ಹಳೆಯ ವಾರ್ಫರಿನ್ನೇ ಮೇಲು ಎಂದು 2022ರ ಪ್ರಯೋಗ ತೋರಿಸಿದೆ. ಆದರೆ ಐಎನ್‌ಆರ್ ನೋಡಿಸಲು ಒಂದು ದಿನದ ಕೂಲಿ ಬಿಟ್ಟು ಜಿಲ್ಲಾ ಕೇಂದ್ರಕ್ಕೆ ಹೋಗಬೇಕಾದರೆ ಯಾರು ಹೋಗುತ್ತಾರೆ? ಬೆರಳ ತುದಿಯ ಒಂದು ಹನಿಯಲ್ಲಿ ಐಎನ್‌ಆರ್ ಹೇಳುವ ಮೀಟರ್ ಪ್ರತಿ ತಾಲ್ಲೂಕು ಆಸ್ಪತ್ರೆಯಲ್ಲಿರಲಿ. ಸೊಪ್ಪು ವಾರ್ಫರಿನ್ನಿನ ಬಲ ತಗ್ಗಿಸುತ್ತದೆಂದು ಇವರಿಗೆ ಸೊಪ್ಪು ತಿನ್ನಲೇಬೇಡಿ ಎಂದು ಹೆದರಿಸುವುದೂ ತಪ್ಪು. ವಾರವಾರವೂ ಒಂದೇ ಅಳತೆಯಲ್ಲಿ ತಿಂದರೆ ಬಸ್ಸಾರಿಗೂ ವಾರ್ಫರಿನ್ನಿಗೂ ಜಗಳವಿಲ್ಲ.

ಬಾಣಂತಿಯರದು ಇನ್ನೂ ಬೇರೆ. ಹೆರಿಗೆಯಾದ ಮೊದಲ ವಾರಗಳಲ್ಲಿ ರಕ್ತ ಬೇಗ ಹೆಪ್ಪುಗಟ್ಟುವ ಗುಣ ಪಡೆದಿರುತ್ತದೆ. ಆಗಲೇ ನೀರು ಕುಡಿದರೆ ಹೊಟ್ಟೆ ಬರುತ್ತದೆ, ಮಗುವಿಗೆ ಶೀತವಾಗುತ್ತದೆ ಎಂದು ನೀರು ಕಡಿಮೆ ಮಾಡುತ್ತಾರೆ. ಕೆಲವರಲ್ಲಿ ಮೆದುಳಿನಿಂದ ರಕ್ತ ಹೊರಗೆ ಹೋಗುವ ಅಭಿಧಮನಿಯಲ್ಲೇ ಹೆಪ್ಪು ಕಟ್ಟುತ್ತದೆ. ದಿನೇ ದಿನೇ ಹೆಚ್ಚುವ ತಲೆನೋವು, ವಾಂತಿ, ಫಿಟ್ಸ್, ಒಂದು ಬದಿ ಸೋಲುವುದು, ಅರೆಪ್ರಜ್ಞೆಯ ಮಾತು. ಬಾಣಂತಿ ಸನ್ನಿ ಎಂದು ತಾಯಿತ ಕಟ್ಟುವುದು ಇದಕ್ಕೇ. ಸಾದಾ ಸಿಟಿಯಲ್ಲಿ ಇದು ಕೆಲವೊಮ್ಮೆ ಕಾಣುವುದಿಲ್ಲ, ಅಭಿಧಮನಿಗಳನ್ನು ತೋರಿಸುವ ವೀನೋಗ್ರಾಂ ಬೇಕು. ಚಿಕಿತ್ಸೆ ರಕ್ತ ಹೆಪ್ಪುಗಟ್ಟದಂತೆ ತಡೆಯುವ ಹೆಪಾರಿನ್, ಸ್ಕ್ಯಾನಿನಲ್ಲಿ ರಕ್ತಸ್ರಾವ ಕಂಡರೂ ಹೆಪಾರಿನ್ನೇ, ಯಾಕೆಂದರೆ ಆ ರಕ್ತ ಸೋರಿದ್ದು ಹೆಪ್ಪಿನ ಹಿಂದೆ ಕಟ್ಟಿಕೊಂಡ ಒತ್ತಡದಿಂದ. ಸಮಯಕ್ಕೆ ಸಿಕ್ಕರೆ ಇವರಲ್ಲಿ ಹೆಚ್ಚಿನವರು ಪೂರ್ತಿ ಚೇತರಿಸಿಕೊಳ್ಳುತ್ತಾರೆ. ಆಶಾ ಕಾರ್ಯಕರ್ತೆಯರು ಬಾಣಂತಿಯ ಮನೆಗೆ ಹೋಗಿಯೇ ಹೋಗುತ್ತಾರೆ. ನೀರು ಕುಡಿಯುತ್ತಿದ್ದೀಯೇನಮ್ಮಾ, ತಲೆ ನೋಯುತ್ತಿದೆಯೇ ಎಂಬ ಎರಡು ಪ್ರಶ್ನೆ ಅವರ ಪಟ್ಟಿಗೆ ಸೇರಲಿ.

ಕ್ಷೌರದಂಗಡಿಯಲ್ಲಿ ತಲೆಗೆ ಎಣ್ಣೆ ತಟ್ಟಿ, ಕೊನೆಗೆ ಕತ್ತನ್ನು ಗಕ್ಕನೆ ತಿರುಗಿಸಿ ಲಟಿಕೆ ತೆಗೆಯುವುದರಿಂದ ಕತ್ತಿನ ನಾಳದ ಒಳಪದರ ಹರಿದು ಲಕ್ವವಾಗುವುದುಂಟು. ಅಪರೂಪ, ಆದರೆ ಆಗುವುದು ಮೂವತ್ತು ನಲವತ್ತರ ಹರೆಯದವರಿಗೆ.

ಬದುಕಿ ಮನೆಗೆ ಹೋದವರ ಪಾಡು ಯಾವ ಯೋಜನೆಯ ಲೆಕ್ಕದಲ್ಲೂ ಕಾಣುವುದಿಲ್ಲ. ಚೇತರಿಕೆಯ ದೊಡ್ಡ ಪಾಲು ಮೊದಲ ಮೂರು ತಿಂಗಳಲ್ಲಿ ಆಗುತ್ತದೆ. ಆ ಮೂರು ತಿಂಗಳು ಅವರು ಗೋಡೆ ನೋಡುತ್ತ ಮಲಗಿರುತ್ತಾರೆ. ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸದಿದ್ದರೆ ಬೆನ್ನು, ಹಿಮ್ಮಡಿ ಹುಣ್ಣಾಗುತ್ತದೆ. ಎಬ್ಬಿಸಿ ಕೂರಿಸುವಾಗ ಸೋತ ಕೈಯನ್ನೇ ಹಿಡಿದು ಎಳೆಯುತ್ತಾರೆ; ಸ್ನಾಯುವಿನ ಆಸರೆ ಇಲ್ಲದ ಭುಜ ಕೀಲಿನಿಂದ ಜಾರಿ, ಮುಂದೆ ಕೈ ಮರಳಿದರೂ ನೋವು ಬಿಡುವುದಿಲ್ಲ. ಸೊಂಟಕ್ಕೆ, ಬೆನ್ನಿಗೆ ಕೈಕೊಟ್ಟು ಎಬ್ಬಿಸಬೇಕು ಎಂದು ಡಿಸ್ಚಾರ್ಜ್ ದಿನ ಹತ್ತು ನಿಮಿಷ ತೋರಿಸಿಕೊಟ್ಟರೆ ಇದು ತಪ್ಪುತ್ತದೆ. ಊಟ ಶುರುವಾಗುವ ಮೊದಲು ನೆಟ್ಟಗೆ ಕೂರಿಸಿ ಚಮಚದಲ್ಲಿ ನೀರು ಕೊಟ್ಟು ಕೆಮ್ಮು ಬಂತೇ, ದನಿ ಗೊರಗೊರ ಆಯಿತೇ ನೋಡಬೇಕು. ಹಾಗೇನಾದರೂ ಆದರೆ ತೆಳು ನೀರಿಗಿಂತ ಗಟ್ಟಿ ಗಂಜಿ, ಮೆತ್ತಗೆ ಕಿವುಚಿದ ಅನ್ನ ಸುರಕ್ಷಿತ. ಮೂವರಲ್ಲಿ ಒಬ್ಬರಿಗೆ ಖಿನ್ನತೆ ಬರುತ್ತದೆ. ಸುಮ್ಮನೆ ಅಳುತ್ತಾರೆ, ವ್ಯಾಯಾಮ ಒಲ್ಲೆ ಎನ್ನುತ್ತಾರೆ, ಮನೆಯವರು ಹಟ ಎಂದುಕೊಳ್ಳುತ್ತಾರೆ. ಅದಕ್ಕೆ ಮಾತ್ರೆ ಇದೆ. ಮಾತು ಹೋದವರಿಗೆ ಬುದ್ಧಿ ಹೋಗಿಲ್ಲ ಎಂಬುದನ್ನು ಮನೆಯವರಿಗೆ ಹೇಳುವವರಿಲ್ಲ. ಮೈಸೂರಿನ ಮಾನಸಗಂಗೋತ್ರಿಯಲ್ಲಿ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಿದೆ, ಕನ್ನಡದಲ್ಲೇ ಮಾತಿನ ಚಿಕಿತ್ಸೆ ಬಲ್ಲವರು ಅಲ್ಲಿದ್ದಾರೆ. ವಿಡಿಯೊ ಕರೆಯ ಮೂಲಕ ಆ ಚಿಕಿತ್ಸೆಯನ್ನು ತಾಲ್ಲೂಕಿಗೆ ತರಬಹುದು. ಪ್ರತಿ ತಾಲ್ಲೂಕು ಆಸ್ಪತ್ರೆಗೆ ಒಬ್ಬ ಕಾಯಂ ಫಿಸಿಯೋಥೆರಪಿಸ್ಟ್, ವಾರಕ್ಕೆ ಎರಡು ದಿನ ಮನೆಭೇಟಿ. ಇದು ದುಬಾರಿ ಎನಿಸಿದರೆ, ದುಡಿಯುವ ಒಬ್ಬರು ಹಾಸಿಗೆ ಹಿಡಿದು, ನೋಡಿಕೊಳ್ಳಲು ಇನ್ನೊಬ್ಬರು ಕೆಲಸ ಬಿಟ್ಟ ಮನೆಯ ಲೆಕ್ಕವನ್ನು ಒಮ್ಮೆ ಹಾಕಿ ನೋಡಿ.

ಹತ್ತು ನಿಮಿಷ ಮಾತು ನಿಂತು ತಾನೇ ಮರಳಿದರೆ ದೇವರು ದೊಡ್ಡವನು ಎಂದು ಮನೆಯಲ್ಲೇ ಉಳಿಯುತ್ತಾರೆ. ಅದು ಟಿಐಎ ಎಂಬ ತಾತ್ಕಾಲಿಕ ಲಕ್ವ, ದೊಡ್ಡ ಲಕ್ವದ ಮುನ್ಸೂಚನೆ. ಅಪಾಯ ಅತಿ ಹೆಚ್ಚಿರುವುದು ಮುಂದಿನ 48 ಗಂಟೆ. ಅಂದೇ ಸ್ಕ್ಯಾನ್ ಆಗಿ, ಆಸ್ಪಿರಿನ್ ಜೊತೆ ಕ್ಲೋಪಿಡೋಗ್ರೆಲ್ 21 ದಿನ ಕೊಟ್ಟರೆ ಹಲವರದು ತಪ್ಪುತ್ತದೆ. ಭಿತ್ತಿಪತ್ರದಲ್ಲಿ ‘ಸರಿಹೋದರೂ ಬನ್ನಿ’ ಎಂಬ ಎರಡು ಪದ ದೊಡ್ಡ ಅಕ್ಷರದಲ್ಲಿ ಇರಲಿ.

ಇತಿ,
ಲಕ್ವ ರೋಗಿಗಳ ಚಿಕಿತ್ಸೆ ಮತ್ತು ಆರೈಕೆಯಲ್ಲಿ ತೊಡಗಿರುವ ವೈದ್ಯರು, ನರ್ಸುಗಳು, ಫಿಸಿಯೋಥೆರಪಿಸ್ಟರು

ವಿ.ಸೂ.: ಹೃದಯ ಜ್ಯೋತಿಯ ಕಪಾಟಿನಿಂದಲೇ ಲಕ್ವಕ್ಕೂ ಔಷಧ ಕೊಡಲು ಒಪ್ಪಿದರೆ ಒಂದು ಎಚ್ಚರಿಕೆ. 60 ಕಿಲೋ ತೂಗುವವರಿಗೆ ಹೃದಯಾಘಾತಕ್ಕೆ ಕೊಡುವ ಟೆನೆಕ್ಟೆಪ್ಲೇಸ್ 35 ಮಿ.ಗ್ರಾಂ.; ಅದೇ ವ್ಯಕ್ತಿಗೆ ಲಕ್ವವಾದರೆ 15 ಮಿ.ಗ್ರಾಂ. ಮಾತ್ರ. ಅವಸರದಲ್ಲಿ ಹೃದಯದ ಅಳತೆ ಮೆದುಳಿಗೆ ಹೋದರೆ ರಕ್ತಸ್ರಾವದ ಅಪಾಯ ಹೆಚ್ಚುತ್ತದೆ. ಎರಡಕ್ಕೂ ಬೇರೆ ಬೇರೆ ಬಣ್ಣದ ಡಬ್ಬಿ, ಡಬ್ಬಿಯ ಮುಚ್ಚಳದ ಒಳಬದಿಗೆ ಕಿಲೋವಾರು ಅಳತೆಯ ಪಟ್ಟಿ, ಚುಚ್ಚುವ ಮೊದಲು ಇಬ್ಬರು ಗಟ್ಟಿಯಾಗಿ ಓದಿ ಸಹಿ ಹಾಕುವ ಕಾಗದ. ಔಷಧಕ್ಕಿಂತ ಮೊದಲು ಈ ಡಬ್ಬಿಗಳು ಆಸ್ಪತ್ರೆಗೆ ತಲುಪಲಿ.